ಕಂಕುಳು ತಂದ ಮಂಜೂರಿ

ಆ ಮಂಗಳವಾರ ಬೆಳಿಗ್ಗೆ ನಮ್ಮ ಮನೆಯಲ್ಲಿ ಎಲ್ಲವೂ ಎಂದಿನಂತೆಯೇ ಇತ್ತು. ಅಂಗಳದ ಫರಸಿಗೆ ನೀರು ಹೊಡೆದೆ. ಬೇಸಿಗೆಯ ಕಲ್ಲು ಅದನ್ನು ಅರೆಗಳಿಗೆಯಲ್ಲಿ ಒಣಗಿಸಿ ‘ಇಷ್ಟೇನಾ?’ ಎಂಬಂತೆ ನನ್ನನ್ನು ನೋಡಿತು. ಅತ್ತೆಯವರು ಪೂಜೆಗೆ ಕುಳಿತಿದ್ದರು. ಒಂದು ಕಣ್ಣು ಅಂಗೈಯ ಲಿಂಗದ ಮೇಲೆ, ಇನ್ನೊಂದು ಒಲೆಯ ಮೇಲಿನ ಹಾಲಿನ ಮೇಲೆ. ಯಜಮಾನರು ಕಲ್ಲಿನ ಖಣಿಯಲ್ಲಿ ಲೆಕ್ಕ ಬರೆಯುವ ಮುನಶಿ. ಒಂದು ಕಾಲಿಗೆ ಜೋಡು ಮೆಟ್ಟಿ ಇನ್ನೊಂದನ್ನು ಮನೆತುಂಬ ಹುಡುಕುತ್ತಿದ್ದರು. ಅದನ್ನು ಅವರೇ ಹಿಂದಿನ ದಿನ ಬೆಕ್ಕಿನ ಮೇಲೆ ಎಸೆದಿದ್ದರು. ಪಕ್ಕದ ಮನೆಯ ಕಾಶಮ್ಮ ಮೂರು ಸಲ ಸೀನಿದರು. ಅದೂ ನಿತ್ಯದ್ದೇ. ಶಹಾಬಾದಿನ ಕಲ್ಲಿನ ಧೂಳು ಪಾಪ ಅವರ ಮೂಗಿಗೆ ಆಗಿಬರುವುದಿಲ್ಲ ಎಂದು ಓಣಿಯವರೆಲ್ಲ ಕನಿಕರಪಡುತ್ತಿದ್ದೆವು.

ಆ ದಿನದ ವಿಶೇಷ ಒಂದೇ. ಹೆಣ್ಣುಮಕ್ಕಳ ಶಾಲೆಗಳ ತಪಾಸಣೆ ಮಾಡುವ ಬೇಗಂ ಸಾಹೇಬರು ಗುಲಬರ್ಗಾದಿಂದ ನಮ್ಮ ಮನೆಗೆ ಬರುವವರಿದ್ದರು.

ನಮ್ಮ ಪಡಸಾಲೆಯಲ್ಲಿ ನಾನು ಓಣಿಯ ಹನ್ನೊಂದು ಹುಡುಗಿಯರಿಗೆ ಕನ್ನಡ ಅಕ್ಷರ, ಮಗ್ಗಿ, ಹೊಲಿಗೆ ಕಲಿಸುತ್ತಿದ್ದೆ. ಆಗ ನಿಜಾಮರ ಕಾಲ. ಮನೆಯೊಳಗೆ ಪಾಟಿ ಹಿಡಿದು ಕುಳಿತರೂ ಸರಕಾರದ ಮಂಜೂರಿ ಬೇಕು. ಮಂಜೂರಿ ಇಲ್ಲದ್ದರಿಂದ ನಮ್ಮ ಶಾಲೆಯನ್ನು ಮುಚ್ಚಬೇಕೆಂದು ಕಾಗದ ಬಂದಿತ್ತು. ನಾನು ಅರ್ಜಿ ಬರೆದುಕೊಂಡಿದ್ದೆ. ಬೇಗಂ ಸಾಹೇಬರು ‘ಹೂಂ’ ಎಂದರೆ ಶಾಲೆ ಉಳಿಯುತ್ತದೆ. ‘ಊಹೂಂ’ ಎಂದರೆ ಹನ್ನೊಂದು ಹುಡುಗಿಯರೂ ಮರುದಿನದಿಂದ ಪಾಟಿ ಇಟ್ಟು ಸಗಣಿ ಬುಟ್ಟಿ ಹಿಡಿಯಬೇಕು.

ನನಗೆ ಹೆದರಿಕೆಯೇನೂ ಇರಲಿಲ್ಲ. ನಾನು ಸಿಕಂದರಾಬಾದಿನ ಕಾನ್ವೆಂಟಿನಲ್ಲಿ ಓದಿದವಳು! ಇಡೀ ಶಹಾಬಾದಿನ ಹೆಂಗಸರಲ್ಲಿ ಚಮಚದಿಂದ ಸಾರು ಕುಡಿಯಲು ಬಲ್ಲವಳು ನಾನೊಬ್ಬಳೇ. ಎರಡು ಪುಟದ ಇಂಗ್ಲಿಷ್ ಸ್ವಾಗತ ಭಾಷಣ ಬಾಯಿಪಾಠವಾಗಿತ್ತು. ಬಿಳಿ ರೇಷ್ಮೆಯ ಜಂಪರು ಇಸ್ತ್ರಿಯಾಗಿತ್ತು. ಉಳಿದಿದ್ದ ಚಿಂತೆ ಒಂದೇ. ಅದು ನನ್ನ ಕಂಕುಳಲ್ಲಿತ್ತು.

ಈ ಚಿಂತೆ ನನ್ನದಲ್ಲ, ವಿಲಾಯತಿಯದು. ನನ್ನ ಕಾನ್ವೆಂಟಿನ ಗೆಳತಿ ಡೋರತಿ ವಾಡಿ ಜಂಕ್ಷನ್ನಿನ ರೇಲ್ವೆ ಗಾರ್ಡನ ಹೆಂಡತಿ. ತಾನು ಓದಿ ಮುಗಿಸಿದ ಹೆಂಗಸರ ಪತ್ರಿಕೆಗಳನ್ನು ನನಗೆ ಕಳಿಸುತ್ತಿದ್ದಳು. ಒಂದರಲ್ಲಿ ಒಂದು ಜಾಹೀರಾತು. ಚೆಂದದ ಹೆಣ್ಣೊಬ್ಬಳು ನಾಚ್‌ಘರಿನ ಮೂಲೆಯಲ್ಲಿ ಒಬ್ಬಳೇ ಕುಳಿತಿದ್ದಾಳೆ. ಉಳಿದವರೆಲ್ಲ ಜೋಡಿಯಾಗಿ ಕುಣಿಯುತ್ತಿದ್ದಾರೆ. ಕಾರಣ? ಅವಳ ಕಂಕುಳಿನ ವಾಸನೆ! ಅವಳಿಗೆ ಮಾತ್ರ ಅದು ಗೊತ್ತಿಲ್ಲವಂತೆ. ನೆರೆಹೊರೆಯವರು ಮುಖ ತಿರುಗಿಸುತ್ತಾರೆಯೇ ಹೊರತು ಬಾಯಿಬಿಟ್ಟು ಹೇಳುವುದಿಲ್ಲವಂತೆ. ‘ನಿಮ್ಮ ವಿಷಯದಲ್ಲಿ ನಿಮಗೆ ಖಾತ್ರಿ ಇದೆಯೇ?’ ಎಂದು ಕೆಳಗೆ ಕೇಳಿದ್ದರು.

ಅದನ್ನು ಓದುವವರೆಗೆ ನನಗೆ ಖಾತ್ರಿ ಇತ್ತು. ಓದಿದ ಮೇಲೆ ಹೋಯಿತು. ನನ್ನನ್ನೂ ಯಾರೂ ಕುಣಿಯಲು ಕರೆದಿರಲಿಲ್ಲವಲ್ಲ! ಶಹಾಬಾದಿನಲ್ಲಿ ಯಾರೂ ಯಾರನ್ನೂ ಕುಣಿಯಲು ಕರೆಯುವುದಿಲ್ಲ, ಕರೆದರೆ ಹೊಡೆದಾಟವಾಗುತ್ತದೆ ಎಂಬುದು ಆಗ ಹೊಳೆಯಲಿಲ್ಲ. ಕಲಿತವಳ ಬುದ್ಧಿ! ಅಚ್ಚಾದದ್ದನ್ನೆಲ್ಲ ನಂಬುತ್ತದೆ.

ಎರಡೇ ದಿನದಲ್ಲಿ ಪುರಾವೆಯೂ ಸಿಕ್ಕಿತು. ಬಾವಿಯ ಹತ್ತಿರ ಕಾಶಮ್ಮ ಕೊಡ ಇಳಿಸಿ ನಿಂತಿದ್ದರು. ನಾನು ಸಮೀಪ ಬಂದದ್ದೇ ತಡ, ಚಟ್ಟನೆ ಆ ಕಡೆ ತಿರುಗಿ ಸೆರಗನ್ನು ಮೂಗಿಗೆ ಒತ್ತಿಕೊಂಡರು! ಇಷ್ಟು ವರ್ಷದ ನೆರೆ. ಬಾಯಿಬಿಟ್ಟು ಹೇಳಲಿಲ್ಲ, ಪಾಪ. ಪತ್ರಿಕೆಯಲ್ಲಿ ಬರೆದಂತೆಯೇ ಮಾಡಿದರು. ನಮ್ಮ ಕಾಶಮ್ಮನಿಗೆ ಓದಲು ಬರುವುದಿಲ್ಲ. ಓದದೆಯೇ ವಿಲಾಯತಿಯ ಪ್ರಕಾರ ನಡೆದುಕೊಂಡರೆಂದರೆ ನನ್ನ ವಾಸನೆ ಎಷ್ಟಿರಬೇಕು!

ಡೋರತಿಗೆ ಕಾಗದ ಬರೆದೆ. ಅವಳ ಗಂಡನ ಗೂಡ್ಸ್ ಗಾಡಿಯಲ್ಲಿ, ಹಳೆಯ ಕಾಲುಚೀಲದೊಳಗೆ ಸುತ್ತಿದ ಒಂದು ಬಾಟಲಿ ಬಂತು. ಬೆವರನ್ನೇ ನಿಲ್ಲಿಸುವ ಔಷಧ. ನೋಡಲು ನೀರಿನಷ್ಟು ಸಾಧು. ಜೊತೆಗೆ ಒಂದು ಚೀಟಿ: ‘ಬಾಟಲಿಯ ಮೇಲಿನದನ್ನು ಪೂರ್ತಿ ಓದಿ ಹಚ್ಚಿಕೋ.’ ನನಗೆ ನಗು ಬಂತು. ಕಾನ್ವೆಂಟಿನಲ್ಲಿ ಓದಿನ ಬಹುಮಾನ ನನಗೆ ಬಂದಿತ್ತು. ಡೋರತಿಗೆ ಬಂದದ್ದು ಹಗ್ಗದಾಟದ ಬಹುಮಾನ. ಅವಳು ನನಗೆ ಓದಲು ಹೇಳುತ್ತಾಳೆ! ಬಾಟಲಿಯ ಮೇಲೆ ದೊಡ್ಡ ಅಕ್ಷರಗಳೂ ಇದ್ದವು, ಇರುವೆಯ ಕಣ್ಣಿನಷ್ಟು ಸಣ್ಣ ಅಕ್ಷರಗಳೂ ಇದ್ದವು. ಬಹುಮಾನ ಪಡೆದವಳು ಸಣ್ಣದನ್ನು ಓದುತ್ತಾಳೆಯೇ? ದೊಡ್ಡದನ್ನು ಓದಿದೆ. ‘ಹಚ್ಚಿಕೊಳ್ಳಿ. ಒಣಗುವವರೆಗೆ ಕೈ ಎತ್ತಿರಿ. ನಿಶ್ಚಿಂತರಾಗಿರಿ.’

ಮಂಗಳವಾರ ನಮ್ಮ ಕಡೆ ಹೆಂಗಸರು ಅರಿಶಿಣ ಹಚ್ಚಿ ಎರೆದುಕೊಳ್ಳುವ ದಿನ. ಅತ್ತೆಯವರ ಮನೆಯಲ್ಲಿ ಅದು ತಪ್ಪುವಂತಿಲ್ಲ. ಮುಖ, ಕೈಕಾಲು, ಕಂಕುಳು ಎಲ್ಲಕ್ಕೂ ಧಾರಾಳವಾಗಿ ಅರಿಶಿಣ ಹಚ್ಚಿಕೊಂಡೆ. ಬೇಗಂ ಸಾಹೇಬರಿಗೆಂದು ಕಂಕುಳನ್ನು ಮಾತ್ರ ಹೀರೇಕಾಯಿಯ ನಾರಿನಿಂದ ಗಸಗಸ ತಿಕ್ಕಿದೆ. ಚರ್ಮ ಚುರುಗುಟ್ಟಿತು. ‘ಶುಚಿತ್ವಕ್ಕೆ ಕಷ್ಟ ಸಹಿಸಬೇಕು’ ಎಂದು ನಮ್ಮ ಸಿಸ್ಟರ್ ಹೇಳುತ್ತಿದ್ದರು. ಸಹಿಸಿದೆ.

ಒಳಕೋಣೆಗೆ ಬಂದು ಔಷಧ ಹಚ್ಚಿದೆ. ಒಂದು ಸಲ ಹಚ್ಚಿದರೆ ಸಾಮಾನ್ಯರಿಗೆ ಸಾಕು. ಬರುವವರು ಸರಕಾರದವರು. ಮೂರು ಸಲ ಹಚ್ಚಿದೆ! ಎರಡೂ ಕೈ ಮೇಲೆತ್ತಿ ಗೋಡೆಯ ಕಡೆ ಮುಖ ಮಾಡಿ ನಿಂತೆ.

ಅತ್ತೆಯವರು ಬಂದರು.

“ಯಾಕ ತಂಗಿ, ಕೈ ಮ್ಯಾಲ ಮಾಡಿ ನಿಂತೀದಿ? ದೇವರು ಬಂದಾವೇನ ಮೈಮ್ಯಾಲ?”

“ಇಲ್ರಿ ಅತ್ತಿ. ಒಣಗಿಸ್ಲಾಕತ್ತೀನಿ.”

“ಏನ್ ಒಣಗಿಸ್ಲಾಕತ್ತಿ?”

“ಬಗಲ್ರಿ.”

“ಮಂದಿ ಸೊಸ್ತ್ಯಾರು ಬ್ಯಾಸಗ್ಯಾಗ ಹಪ್ಪಳ ಒಣಗಸ್ತಾರ. ನನ್ನ ಸೊಸಿ ಬಗಲ ಒಣಗಸ್ತಾಳ! ಕಲ್ತವರು ನೋಡವ್ವ, ಕಲ್ತವರು!”

ಅವರು ಹೋದರು, ಯಜಮಾನರು ಬಂದರು. ಕಾಲಿಗೆ ಇನ್ನೂ ಒಂದೇ ಜೋಡು.

“ಏನಿದು? ಯಾರು ಬಂದೂಕ ತೋರಸ್ಯಾರ ನಿನಗ?”

“ಬೆವರಿನ ವಾಸನಿ ಬರಬಾರದಂತ ಔಷಧ ಹಚ್ಚೀನ್ರಿ.”

“ವಾಸನಿ? ಯಾರಿಗಿ ಬರ್ತದ?”

“ನಿಮಗ ಬರಂಗಿಲ್ಲೇನ್ರಿ? ಖರೇ ಹೇಳ್ರಿ.”

“ನಾ ದಿನಾ ಕಲ್ಲ ಹೊಡಿಯೋ ನಾನೂರ ಮಂದಿ ನಡುವ ಕುಂದ್ರಾಂವ. ಮನಿಗಿ ಬಂದ್ರ ಅತ್ತರಿನ ದುಕಾನಕ್ಕ ಬಂದಂಗ ಆಗ್ತದ. ನನ್ನ ಜೋಡು ನೋಡಿದ್ಯೇನು?”

ಮದುವೆಯಾದ ಮೇಲೆ ಅವರು ನನಗೆ ಕೊಟ್ಟ ಮೊದಲ ಹೊಗಳಿಕೆ ಅದು. ಆದರೆ ನಾನೂರು ಗಂಡಸರನ್ನು ಪಕ್ಕಕ್ಕೆ ನಿಲ್ಲಿಸಿ ಹೊಗಳಿದ್ದರಿಂದ ಅದನ್ನು ಲೆಕ್ಕಕ್ಕೆ ಹಿಡಿಯಲಿಲ್ಲ.

ಅಷ್ಟರಲ್ಲಿ ಎಡಗಡೆ ಒಂದು ಇರುವೆ ಕಡಿದಂತಾಯಿತು. ಬಲಗಡೆ ಇನ್ನೊಂದು. ಆಮೇಲೆ ಆ ಇರುವೆಗಳು ತಮ್ಮ ಬಂಧುಬಳಗವನ್ನು ಕರೆದವು. ಆಮೇಲೆ ಆ ಬಳಗವೆಲ್ಲ ಕೂಡಿ ನನ್ನ ಕಂಕುಳಲ್ಲಿ ಕೆಂಪು ಮೆಣಸಿನಕಾಯಿ ಕುಟ್ಟಲು ಕುಳಿತಿತು!

ಬಾಟಲಿಯನ್ನು ಕಿಟಕಿಯ ಬೆಳಕಿಗೆ ಹಿಡಿದೆ. ಆಗ ಓದಿದೆ ಸಣ್ಣ ಅಕ್ಷರಗಳನ್ನು. ‘ತಿಕ್ಕಿದ ಚರ್ಮಕ್ಕೆ ಸರ್ವಥಾ ಹಚ್ಚಬಾರದು. ತೆಳುವಾಗಿ ಒಂದೇ ಸಲ. ಹಿಂದಿನ ರಾತ್ರಿಯೇ ಹಚ್ಚಿ ಬೆಳಿಗ್ಗೆ ತೊಳೆಯಬೇಕು.’ ವಾಸನೆಯನ್ನು ದೊಡ್ಡ ಅಕ್ಷರದಲ್ಲಿ, ಬೆಂಕಿಯನ್ನು ಸಣ್ಣ ಅಕ್ಷರದಲ್ಲಿ ಬರೆಯುವುದು ಆ ವ್ಯಾಪಾರದ ಧರ್ಮವಿರಬೇಕು. ಎಂಥ ಸಭ್ಯ ಜನ! ಎಂಥ ಸಭ್ಯ ಬಾಟಲಿ!

ತಣ್ಣೀರು ಸುರಿದುಕೊಂಡೆ. ಉರಿ ಇನ್ನೂ ಚುರುಕಾಯಿತು. ಕಾನ್ವೆಂಟಿನ ಗಾಂಭೀರ್ಯವನ್ನು ಅಲ್ಲೇ ಬಿಟ್ಟು ಅಡುಗೆಮನೆಗೆ ಓಡಿದೆ.

“ಅತ್ತೀ! ಉರಿಲಾಕತ್ತದರಿ! ಸಾಯ್ತೀನ್ರಿ!”

“ಬಗಲ ಒಣಗಿಸ್ತೀನಿ ಅಂದಿ, ಬಗಲ ಸುಟ್ಕೊಂಡೇನ? ಹುಚ್ಚ ಹುಡುಗಿ. ಬಾ ಇಲ್ಲಿ, ಕುಂದ್ರು.”

ಅತ್ತೆಯವರ ಬೈಗುಳ ಎಷ್ಟು ದೊಡ್ಡದೋ ಕೈ ಅಷ್ಟೇ ಮೆತ್ತಗೆ. ಸುಟ್ಟ ಗಾಯಕ್ಕೆ ನಮ್ಮಲ್ಲಿ ಸುಣ್ಣದ ತಿಳಿನೀರಿಗೆ ಕೊಬ್ಬರಿ ಎಣ್ಣೆ ಬೆರೆಸಿ ಹಚ್ಚುತ್ತಾರೆ. ಊರಿನ ಸುತ್ತ ಸುಣ್ಣದ ಭಟ್ಟಿಗಳು. ಮನೆಮನೆಯಲ್ಲೂ ಸುಣ್ಣದ ಗಡಿಗೆ. ಅವಸರದಲ್ಲಿ ತಿಳಿಯ ಜೊತೆ ತಳದ ಸುಣ್ಣವೂ ನಾಲ್ಕು ಬೆರಳು ಬಂತು. ಎರಡೂ ಕಂಕುಳಿಗೆ ಮೆತ್ತಿದರು. ಹಾ! ಉರಿ ಇಳಿಯಿತು. ಅತ್ತೆಯವರ ಕಾಲು ಹಿಡಿಯಬೇಕೆನಿಸಿತು. ಅಷ್ಟರಲ್ಲಿ ಓಣಿಯ ತಿರುವಿನಲ್ಲಿ ಟಾಂಗಾದ ಗೆಜ್ಜೆ ಕೇಳಿಸಿತು. ಜಂಪರನ್ನು ಹೇಗೋ ತೊಟ್ಟು, ಸೀರೆಯ ನೆರಿಗೆ ಸರಿಮಾಡಿ ಹೊರಗೆ ಓಡಿದೆ. ಕನ್ನಡಿ ನೋಡಲಿಲ್ಲ. ನೋಡಿದ್ದರೂ ಕಂಕುಳನ್ನು ನೋಡುತ್ತಿರಲಿಲ್ಲ.

ಓಡಿದೆ ಎಂದೆನೇ? ತಪ್ಪು. ಕೈಗಳನ್ನು ಮೈಗೆ ತಾಗಿಸುವಂತಿರಲಿಲ್ಲ. ಬಿಸಿಲಿಗೆ ರೆಕ್ಕೆ ಅಗಲಿಸಿ ತಿರುಗುವ ಕೋಳಿಯ ಹಾಗೆ ಹೋದೆ.

ಔಷಧದ ಗುಣವನ್ನೂ ಹೇಳಬೇಕು, ಸುಳ್ಳಾಡಬಾರದು. ಕಂಕುಳಲ್ಲಿ ಬೆವರು ನಿಂತೇಬಿಟ್ಟಿತ್ತು. ಅಲ್ಲಿ ಬಾಗಿಲು ಮುಚ್ಚಿದ್ದನ್ನು ಕಂಡ ಬೆವರು ಹಣೆ, ಕತ್ತು, ಬೆನ್ನು, ಮೊಣಕೈ ಎಲ್ಲೆಲ್ಲಿ ಸಂದಿ ಸಿಕ್ಕಿತೋ ಅಲ್ಲಿಂದ ಹೊರಟಿತು. ಕುಂಕುಮ ಮೂಗಿನವರೆಗೆ ಇಳಿದು ಬಂತು. ವಾಸನೆ? ಕೊಬ್ಬರಿ ಎಣ್ಣೆ, ಹಸಿ ಸುಣ್ಣ, ಅರಿಶಿಣ, ವಿಲಾಯತಿ ಔಷಧ ನಾಲ್ಕೂ ಕೂಡಿ ನನ್ನ ಸುತ್ತ ಒಂದು ದವಾಖಾನೆಯೇ ನಡೆದು ಬರುತ್ತಿತ್ತು.

ಪಡಸಾಲೆಯಲ್ಲಿ ಹನ್ನೊಂದು ಹುಡುಗಿಯರು ಎಣ್ಣೆ ಹಚ್ಚಿದ ಜಡೆಗಳೊಂದಿಗೆ ಸಾಲಾಗಿ ಕುಳಿತಿದ್ದರು. ಬಾಗಿಲಲ್ಲಿ ಓಣಿಯ ಹೆಂಗಸರು. ಬೇಗಂ ಸಾಹೇಬರು ಟಾಂಗಾದಿಂದ ಇಳಿದು ಬುರಖಾದ ಮುಸುಕು ಮೇಲೆತ್ತಿದರು. ಎತ್ತರದ ಹೆಣ್ಣುಮಗಳು, ಚಿನ್ನದ ಕಡ್ಡಿಯ ಕನ್ನಡಕ, ಸುತ್ತ ಖಸ್ ಅತ್ತರಿನ ಘಮ. ಈ ಜಿಲ್ಲೆಯಲ್ಲಿ ವರ್ಷಗಟ್ಟಲೆ ತಿರುಗಿ ನಮ್ಮ ಮಾತನ್ನು ಅರ್ಧಮರ್ಧ ಕಲಿತಿದ್ದರು. “ಆದಾಬ್” ಎಂದರು. ಕಾಶಮ್ಮ ಮಲ್ಲಿಗೆ ಮಾಲೆಯನ್ನು ನನ್ನ ಕೈಗಿತ್ತರು.

ನಾನು ಗಿಡ್ಡ. ಅವರು ಎತ್ತರ. ಎರಡೂ ಕೈ ಮೇಲೆತ್ತಿದೆ.



“ಅಯ್ಯಯ್ಯೋ ಶಿವನೇ! ರಗತ!” ಎಂದು ಕಾಶಮ್ಮ ಚೀರಿದರು.

“ಯಾ ಅಲ್ಲಾ! ಖೂನ್!” ಎಂದರು ಬೇಗಂ ಸಾಹೇಬರು.

ಬಗ್ಗಿ ನೋಡಿದೆ. ಬಿಳಿ ರೇಷ್ಮೆಯ ಜಂಪರಿನ ಎರಡು ಕಂಕುಳಲ್ಲೂ ಅಂಗೈಯಗಲದ ಕಡುಗೆಂಪು ಕಲೆ!

“ಅಕ್ಕೋರಿಗಿ ಯಾರೋ ಚೂರಿ ಹಾಕ್ಯಾರ!” ಎಂದು ಮತ್ತೊಬ್ಬಳು ಕೂಗಿದಳು.

ಬಾಗಿಲ ಹಿಂದಿನಿಂದ ಅತ್ತೆಯವರ ದನಿ: “ಎರಡೂ ಕಡಿ ಅಳತಿ ಹಿಡದು ಹಾಕ್ಯಾರೇನವ್ವ ಚೂರಿ?”

ಕೈ ಇಳಿಸೋಣವೆಂದರೆ ಮಾಲೆಯ ದಾರ ಬೇಗಂ ಸಾಹೇಬರ ಕನ್ನಡಕದ ಕಡ್ಡಿಗೆ ಸಿಕ್ಕಿತ್ತು. ಹಾಗೇ ಕೈ ಎತ್ತಿ, ಅವರ ಭುಜಕ್ಕೆ ಮೂಗು ತಾಗಿಸಿ ನಿಂತೆ. ಆಗ ಒಂದು ಸಂಗತಿ ನನ್ನ ಅರಿವಿಗೆ ಬಂತು. ಖಸ್ ಅತ್ತರಿನ ಕೆಳಗೆ, ಗುಲಬರ್ಗಾದಿಂದ ರೈಲಿನಲ್ಲಿ ಬೆಂದು ಬಂದ ಹೆಣ್ಣಿನ ಬೆವರು! ನನ್ನದಕ್ಕಿಂತ ಒಂದು ಗುಂಜಿಯೂ ಕಡಿಮೆಯಿಲ್ಲ. ಈ ಮೂಗಿಗೆ ಹೆದರಿಯೇ ನಾನು ನನ್ನ ಚರ್ಮ ಸುಟ್ಟುಕೊಂಡದ್ದು!

ಭಾಷಣ ಮಾಡಿಯಾದರೂ ಮಾನ ಉಳಿಸಿಕೊಳ್ಳೋಣವೆಂದು ಬಾಯಿ ತೆರೆದೆ. ಎರಡು ಪುಟದಲ್ಲಿ ಒಂದಕ್ಷರ ಬರಲಿಲ್ಲ. ಬಂದದ್ದು ಕಾನ್ವೆಂಟಿನಲ್ಲಿ ಊಟಕ್ಕೆ ಮೊದಲು ಹೇಳುತ್ತಿದ್ದ ಇಂಗ್ಲಿಷ್ ಪ್ರಾರ್ಥನೆ. ‘ದೇವರೇ, ನಾವು ಈಗ ಉಣ್ಣಲಿರುವುದಕ್ಕಾಗಿ ನಿನಗೆ ವಂದನೆ’ ಎಂದು ಬೇಗಂ ಸಾಹೇಬರ ಮುಖ ನೋಡುತ್ತ ಗಂಭೀರವಾಗಿ ಹೇಳಿ ಮುಗಿಸಿದೆ. ಅವರು ಒಂದು ಹೆಜ್ಜೆ ಹಿಂದೆ ಸರಿದರು.

“ಬೈಠೋ, ಬೈಠೋ. ಯಾರಾದ್ರೂ ಡಾಕ್ಟರ್‌ಕು ಕರೀರಿ!”

ಮುಗಿಯಿತು, ಎಂದುಕೊಂಡೆ. ಹನ್ನೊಂದು ಪಾಟಿಗಳೂ ಹನ್ನೊಂದು ಸಗಣಿ ಬುಟ್ಟಿಗಳೂ ಕಣ್ಣ ಮುಂದೆ ಬಂದವು.

ಆಗ ಸಾಲಿನ ಕೊನೆಯಿಂದ ಮಾಣಿಕಿ ಎದ್ದಳು. ಕಾಶಮ್ಮನ ಮಗಳು, ಒಂಬತ್ತು ವರ್ಷ. ಕೇಳದೆ ಮಾತಾಡುತ್ತಾಳೆಂದು ವಾರಕ್ಕೆರಡು ಸಲ ನಾನು ಮೂಲೆಯಲ್ಲಿ ನಿಲ್ಲಿಸುತ್ತಿದ್ದ ಹುಡುಗಿ. ಈಗಲೂ ಯಾರೂ ಅವಳನ್ನು ಕೇಳಿರಲಿಲ್ಲ.

“ರಗತ ಅಲ್ರಿ ಬೇಗಂ ಸಾಬ್ರೆ, ಅದು ಕುಂಕುಮರಿ! ಅಕ್ಕೋರು ಇವತ್ತ ಅರಿಶಿಣ ಹಚ್ಕೊಂಡು ಎರಕೊಂಡಾರ. ಅದರ ಮ್ಯಾಲ ಅಜ್ಜಿ ಸುಣ್ಣ ಹಚ್ಯಾಳ. ನಾ ಬಾಗಲ ಸಂದ್ಯಾಗಿಂದ ನೋಡೀನಿ. ಅರಿಶಿಣಕ್ಕ ಸುಣ್ಣ ಕೂಡಿದ್ರ ಕೆಂಪಾಗ್ತದ್ರಿ. ನಮ್ಮಜ್ಜಿ ಕುಂಕುಮ ಹಿಂಗೇ ಮಾಡ್ತಾಳ!”

“ಸಚ್?” ಬೇಗಂ ಸಾಹೇಬರು ಕನ್ನಡಕ ಸರಿಮಾಡಿಕೊಂಡರು. “ಮಾಡಿ ತೋರ್ಸು.”

ಮಾಣಿಕಿ ಓಡಿಹೋಗಿ ಅಡುಗೆಮನೆಯಿಂದ ಅರಿಶಿಣ, ಸುಣ್ಣ ತಂದಳು. ಪಾಟಿಯ ಮೇಲೆ ನೀರು ಹಾಕಿ ಕಲಸಿದಳು. ಹಳದಿ ಕೆಂಪಾಯಿತು. ಬೇಗಂ ಸಾಹೇಬರು “ವಾಹ್!” ಎಂದರು. ಇನ್ನೊಬ್ಬಳು ಎದ್ದು, “ಅದಕ್ಕ ನಿಂಬಿಹಣ್ಣ ಹಿಂಡಿದ್ರ ಮತ್ತ ಹಳದಿ ಆಗ್ತದ್ರಿ!” ಎಂದಳು. ನಿಂಬೆಹಣ್ಣು ಬಂತು, ಹಿಂಡಿದರು, ಹಳದಿಯಾಯಿತು. ಹನ್ನೊಂದೂ ಪಾಟಿಗಳು ಕೆಂಪಾದವು, ಹಳದಿಯಾದವು, ಮತ್ತೆ ಕೆಂಪಾದವು. ಬೇಗಂ ಸಾಹೇಬರು ಬುರಖಾದ ತೋಳು ಮಡಿಚಿ ತಾವೇ ಒಂದು ಪಾಟಿ ಹಿಡಿದು ನೆಲಕ್ಕೆ ಕುಳಿತರು. ಊರಿನ ಹನ್ನೊಂದು ಮಕ್ಕಳಿಗೂ ಗೊತ್ತಿದ್ದ ವಿಷಯ, ಗೊತ್ತಿಲ್ಲದವಳು ಅಲ್ಲಿ ಒಬ್ಬಳೇ. ಅವಳು ಮೂಲೆಯಲ್ಲಿ ಕೈ ಅಗಲಿಸಿ ನಿಂತಿದ್ದಳು. ಮಾಣಿಕಿಯನ್ನು ನಾನು ನಿಲ್ಲಿಸುತ್ತಿದ್ದ ಅದೇ ಮೂಲೆ.

ಹೋಗುವ ಮುಂಚೆ ಬೇಗಂ ಸಾಹೇಬರು ನಮ್ಮ ಪುಸ್ತಕದಲ್ಲಿ ಉರ್ದುವಿನಲ್ಲಿ ಏನೋ ಬರೆದು, ನನ್ನ ಬೆನ್ನು ತಟ್ಟಿ ಟಾಂಗಾ ಹತ್ತಿದರು. ಯಜಮಾನರು ಖಣಿಯಿಂದ ಬಂದು ಅದನ್ನು ಓದಿ ಹೇಳಿದರು. ಓದುವಾಗ ಅವರ ಮೀಸೆ ಕುಣಿಯುತ್ತಿತ್ತು.

“‘ಈ ಅಧ್ಯಾಪಕಿ ಸ್ವಂತ ಶರೀರದ ಮೇಲೆಯೇ ಪ್ರಯೋಗ ನಡೆಸಿ ಮಕ್ಕಳಿಗೆ ರಸಾಯನಶಾಸ್ತ್ರ ಕಲಿಸುತ್ತಾರೆ. ವಿದ್ಯೆಗಾಗಿ ಇಂಥ ತ್ಯಾಗವನ್ನು ಬೇರೆಲ್ಲೂ ನಾನು ಕಂಡಿಲ್ಲ. ಮಂಜೂರಿಗೆ ಶಿಫಾರಸು.’ ಏ ಇವಳೇ, ನಿನ್ನ ಬಗಲ ಪಾಸಾತು ನೋಡು!”

ಶಾಲೆ ಉಳಿಯಿತು. ಆದರೆ ಹೇಗೆ ಉಳಿಯಿತು! ಕಾನ್ವೆಂಟಿನ ಅಷ್ಟೂ ವರ್ಷದ ಇಂಗ್ಲಿಷ್ ಕೊಡಿಸಲಾಗದ ಮಂಜೂರಿಯನ್ನು ಒಂದು ಜೊತೆ ಕಂಕುಳು ಕೊಡಿಸಿತು. ಅದಕ್ಕೆ ಅವು ದಂಡವನ್ನೂ ತೆತ್ತವು. ಮುಂದಿನ ಎಂಟು ದಿನ ಚರ್ಮ ಸುಲಿಯಿತು. ಸಾಬೂನು ಮುಟ್ಟಿಸುವಂತಿಲ್ಲ, ನೀರು ತಾಗಿಸುವಂತಿಲ್ಲ. ತವರಿಗೆ ಹೋದ ಬೆವರು ಪರಿವಾರ ಸಮೇತ ಮರಳಿ ಬಂತು. ಬಾಟಲಿ ಬರುವ ಮುಂಚೆ ನನಗೆ ವಾಸನೆ ಇತ್ತೋ ಇಲ್ಲವೋ ದೇವರೇ ಬಲ್ಲ. ಬಾಟಲಿ ಬಂದ ಮೇಲೆ ಮಾತ್ರ ನಿಸ್ಸಂದೇಹವಾಗಿ ಇತ್ತು! ಆ ಹೆಣ್ಣು ನಾಚ್‌ಘರಿನ ಮೂಲೆಯಲ್ಲಿ ಒಬ್ಬಳೇ ಏಕೆ ಕುಳಿತಿದ್ದಳೆಂದು ನನಗೀಗ ಗೊತ್ತು. ಔಷಧ ಹಚ್ಚಿದ್ದಳು.

ಅದೇ ದಿನ ಸಂಜೆಯ ಮಾತು. ಕಟ್ಟೆಯ ಮೇಲೆ ಕೈ ಅಗಲಿಸಿ ಗಾಳಿಗೆ ಕುಳಿತಿದ್ದೆ. ಕಾಶಮ್ಮ ಬಂದು ಪಕ್ಕದಲ್ಲಿ ಕುಳಿತು, ಬಡಬಡ ಎರಡು ಸಲ ಸೀನಿದರು. ಇನ್ನು ತಡೆಯಲಾಗದೆ ಕೇಳಿಯೇಬಿಟ್ಟೆ.

“ಕಾಶಮ್ಮ, ಸಿಟ್ಟಾಗಬ್ಯಾಡ್ರಿ. ಅವತ್ತ ಬಾವಿ ಹಂತ್ಯಾಕ ನನ್ನ ನೋಡಿ ಸೆರಗ ಮೂಗಿಗಿ ಹಿಡಕೊಂಡ್ರಲ್ಲ, ನನ್ನ ವಾಸನಿ ಭಾಳ ಬಂತೇನ್ರಿ?”

“ಯಾವತ್ತರಿ? ಓ, ಅದಾ!” ಕಾಶಮ್ಮ ಅತ್ತಿತ್ತ ನೋಡಿ, ಸೊಂಟದ ಗಂಟಿನಿಂದ ಸಣ್ಣದೊಂದು ಡಬ್ಬಿ ತೆಗೆದು ಚಿಟಿಕೆ ಪುಡಿಯನ್ನು ಮೂಗಿಗೆ ಏರಿಸಿದರು. “ನಶ್ಯ ಏರಿಸ್ಲಾಕತ್ತಿದ್ದೆರಿ. ನೀವು ಕಂಡ್ರಿ ಅಂದ್ರ ನಿಮ್ಮತ್ತಿಗಿ ಹೇಳ್ತೀರಿ, ಅವರು ನಮ್ಮತ್ತಿಗಿ ಹೇಳ್ತಾರ ಅಂತ ಸೆರಗ ಅಡ್ಡ ಹಿಡದೆ. ವಾಸನಿ ಎಲ್ಲಿಂದ ಬರಬೇಕ್ರಿ ಅಕ್ಕೋರೆ? ಹನ್ನೆರಡ ವರ್ಷ ಆತು, ಒಲಿಮ್ಯಾಲ ರೊಟ್ಟಿ ಹೊತ್ತಿದ್ರೂ ಈ ಮೂಗಿಗಿ ತಿಳಿಯಂಗಿಲ್ಲ.”

ಡಬ್ಬಿಯನ್ನು ಮತ್ತೆ ಗಂಟಿಗೆ ಸೇರಿಸುತ್ತ, ಎದ್ದು ಹೋಗುವಾಗ ಹೇಳಿದರು:

“ಆ ಬಾಟ್ಲಿ ಖಾಲಿ ಆತಂದ್ರ ಒಗಿಬ್ಯಾಡ್ರಿ, ನನಗ ಕೊಡ್ರಿ. ನಶ್ಯ ತುಂಬಿಡ್ಲಾಕ ಛಲೋ ಅದ.”